ಚಲನಚಿತ್ರಗಳ ಕಾವಲುಗಾರ

ಕಲ್ಲಿನಲ್ಲಿ ಕೊರೆದ ಶಾಸನ ಸಾವಿರ ವರ್ಷ ಬಾಳುತ್ತದೆ. ಓಲೆಗರಿಯ ಗ್ರಂಥ ಕೆಲವು ಶತಮಾನಗಳ ಕಾಲ ಉಳಿಯುತ್ತದೆ. ಚಲನಚಿತ್ರದ ಆಯುಸ್ಸು ಮಾತ್ರ ಬಹಳ ಅಲ್ಪ. ಆರಂಭದ ಅರ್ಧ ಶತಮಾನದಲ್ಲಿ ಬಹುಪಾಲು ಚಿತ್ರಗಳನ್ನು ಮುದ್ರಿಸುತ್ತಿದ್ದುದು ನೈಟ್ರೇಟ್ ಸುರುಳಿಗಳ ಮೇಲೆ. ಅವು ಬೆಂಕಿ ತಗುಲಿದರೆ ಕ್ಷಣದಲ್ಲಿ ಉರಿದುಹೋಗುತ್ತಿದ್ದವು. ಸೆಕೆಯಲ್ಲಿಟ್ಟರೆ ಕೊಳೆತು ಪುಡಿಯಾಗುತ್ತಿದ್ದವು. ಇಂತಹ ಸುರುಳಿಗಳನ್ನು ಉಳಿಸಿ ಜನರಿಗೆ ತೋರಿಸುವುದನ್ನೇ ಬಾಳಿನ ವ್ರತವಾಗಿ ಕೈಗೊಂಡವನು ಫ್ರಾನ್ಸಿನ ಆನ್ರಿ ಲಾಂಗ್ಲ್ವಾ.

ಲಾಂಗ್ಲ್ವಾ ಜನಿಸಿದ್ದು 1914ರ ನವೆಂಬರ್ 13ರಂದು, ಸ್ಮಿರ್ನಾ ನಗರದ ಫ್ರೆಂಚ್ ಕುಟುಂಬವೊಂದರಲ್ಲಿ. ತುರ್ಕಿಯ ಆ ನಗರಕ್ಕೆ ಇಂದು ಇಜ್ಮಿರ್ ಎಂದು ಹೆಸರು. 1922ರಲ್ಲಿ ನಗರವು ಬೆಂಕಿಗೆ ಆಹುತಿಯಾಯಿತು. ಕುಟುಂಬವು ಫ್ರಾನ್ಸನ್ನು ಸೇರಿತು. ಒಂದು ಲೋಕವೇ ಹೇಗೆ ಅಳಿದುಹೋಗಬಲ್ಲದು ಎಂಬುದನ್ನು ಅವನು ಎಂಟು ವರ್ಷ ತುಂಬುವ ಮೊದಲೇ ಅರಿತನು.

ಪ್ಯಾರಿಸ್ಸಿನಲ್ಲಿ ಅವನಿಗೆ ಮೂಕಚಿತ್ರಗಳ ಹುಚ್ಚು ಹಿಡಿಯಿತು. ಆದರೆ 1930ರ ವೇಳೆಗೆ ವಾಕ್ಚಿತ್ರಗಳು ಬಂದುವು. ಹಳೆಯ ಚಿತ್ರಗಳನ್ನು ಕೇಳುವವರಿಲ್ಲವಾಯಿತು. ಸುರುಳಿಗಳಲ್ಲಿದ್ದ ಬೆಳ್ಳಿಗಾಗಿ ಅವುಗಳನ್ನು ಕರಗಿಸಿಬಿಡುತ್ತಿದ್ದರು. ಇದನ್ನು ಕಂಡು ಮರುಗಿದ ಲಾಂಗ್ಲ್ವಾ, 1936ರಲ್ಲಿ ಗೆಳೆಯ ಜಾರ್ಜ್ ಫ್ರಾಂಜು ಮೊದಲಾದವರೊಡನೆ ‘ಸಿನೆಮಾತೆಕ್ ಫ್ರಾಂಸೇಸ್’ ಎಂಬ ಚಿತ್ರಭಂಡಾರವನ್ನು ಸ್ಥಾಪಿಸಿದನು. ಆಗ ಅವನ ವಯಸ್ಸು 21. ಮೊದಮೊದಲು ಸುರುಳಿಗಳನ್ನಿಡಲು ಅವನಿಗೆ ದೊರೆತ ಜಾಗ ತನ್ನ ಮನೆಯ ಸ್ನಾನದ ತೊಟ್ಟಿ!

ಎರಡನೆಯ ಮಹಾಯುದ್ಧದಲ್ಲಿ ಜರ್ಮನರು ಪ್ಯಾರಿಸ್ಸನ್ನು ವಶಪಡಿಸಿಕೊಂಡರು. ಲಾಂಗ್ಲ್ವಾ ಮತ್ತು ಅವನ ಸಂಗಡಿಗರು ಪ್ರಾಣಾಪಾಯವನ್ನು ಲೆಕ್ಕಿಸದೆ ಸುರುಳಿಗಳನ್ನು ಅಲ್ಲಲ್ಲಿ ಬಚ್ಚಿಟ್ಟರು. ಜರ್ಮನಿಯಿಂದ ಓಡಿಬಂದಿದ್ದ ಯಹೂದಿ ವಿದುಷಿ ಲೊಟ್ಟೆ ಐಸ್ನರ್, ತಾನೇ ತಲೆಮರೆಸಿಕೊಂಡಿದ್ದರೂ, ದಕ್ಷಿಣ ಫ್ರಾನ್ಸಿನ ಹಳೆಯ ಕೋಟೆಯೊಂದರಲ್ಲಿ ಅಡಗಿಸಿಟ್ಟಿದ್ದ ಚಿತ್ರಗಳನ್ನು ಕಾಯ್ದಳು.

ಯುದ್ಧಾನಂತರ ಒಂದು ವಿವಾದ ಬೆಳೆಯಿತು. ತೋರಿಸಿದಷ್ಟೂ ಸುರುಳಿ ಸವೆಯುತ್ತದೆ. ಆದ್ದರಿಂದ ಮೊದಲು ರಕ್ಷಣೆ, ಆಮೇಲೆ ಪ್ರದರ್ಶನ ಎಂಬುದು ಲಂಡನ್ನಿನ ಸಂಗ್ರಹಕಾರ ಅರ್ನೆಸ್ಟ್ ಲಿಂಡ್‌ಗ್ರೆನ್‌ನ ನಿಲುವು. ಯಾರೂ ನೋಡದ ಚಿತ್ರ ಉಳಿದೂ ಸತ್ತಂತೆ ಎಂಬುದು ಲಾಂಗ್ಲ್ವಾನ ನಂಬಿಕೆ. ಇಬ್ಬರಲ್ಲಿಯೂ ಸತ್ಯವಿತ್ತು. 1948ರಲ್ಲಿ ಲಾಂಗ್ಲ್ವಾ ತೆರೆದ ಪುಟ್ಟ ಚಿತ್ರಮಂದಿರದಲ್ಲಿ ಕುಳಿತು ಹಳೆಯ ಚಿತ್ರಗಳನ್ನು ನೋಡಿದ ತ್ರೂಫೊ, ಗೊದಾರ್ ಮುಂತಾದ ತರುಣರು ಮುಂದೆ ಚಿತ್ರಕಲೆಗೆ ಹೊಸ ದಿಕ್ಕು ತೋರಿದರು. ಅತ್ತ, ಲಾಂಗ್ಲ್ವಾನ ಭಂಡಾರದಲ್ಲಿ ಕ್ರಮಬದ್ಧವಾದ ಪಟ್ಟಿಯಿರಲಿಲ್ಲ. 1959ರ ಬೆಂಕಿಯಲ್ಲಿ ಅನೇಕ ಸುರುಳಿಗಳು ನಾಶವಾದುವು.

ಆಡಳಿತ ಸರಿಯಿಲ್ಲವೆಂದು 1968ರ ಫೆಬ್ರವರಿಯಲ್ಲಿ ಸರ್ಕಾರದ ಒತ್ತಡದಿಂದ ಅವನನ್ನು ಪದವಿಯಿಂದ ತೆಗೆಯಲಾಯಿತು. ನಿರ್ದೇಶಕರೂ ವಿದ್ಯಾರ್ಥಿಗಳೂ ಬೀದಿಗಿಳಿದರು. ಲೋಕವಿಖ್ಯಾತ ನಿರ್ದೇಶಕರು ತಮ್ಮ ಚಿತ್ರಗಳನ್ನು ಅಲ್ಲಿ ತೋರಿಸಕೂಡದೆಂದರು. ಏಪ್ರಿಲ್‌ನಲ್ಲಿ ಅವನು ಮರಳಿ ಬಂದನು. 1974ರಲ್ಲಿ ಗೌರವ ಆಸ್ಕರ್ ಅವನಿಗೆ ಸಂದಿತು. 1977ರ ಜನವರಿ 13ರಂದು ಅವನು ಕಾಲವಶನಾದನು.

ನಮ್ಮ ದೇಶದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವು ಪುಣೆಯಲ್ಲಿ ಆರಂಭವಾದುದು 1964ರಲ್ಲಿ. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ 1934ರಲ್ಲಿ ತೆರೆಕಂಡಿತ್ತು. ಇಂದು ಅದರ ಒಂದು ಪ್ರತಿಯೂ ಉಳಿದಿಲ್ಲ. ಕಾಯುವವರಿಲ್ಲದಿದ್ದರೆ ಏನಾಗುವುದೆಂಬುದಕ್ಕೆ ಬೇರೆ ಸಾಕ್ಷಿ ಬೇಕಿಲ್ಲ. ಸ್ನಾನದ ತೊಟ್ಟಿಯಲ್ಲಿ ಸುರುಳಿಗಳನ್ನಿಟ್ಟು ಕಾದ ಆ ತರುಣನ ಹಿರಿಮೆ ಇಲ್ಲಿದೆ.