ಹೃದಯವನ್ನು ಅರಿತ ಧರ್ಮಾಧ್ಯಕ್ಷ: ಪುನೀತ ನೀಲ್ಸ್ ಸ್ಟೆನ್ಸನ್

ಕುಟುಂಬಗಳ ಭೇಟಿಗೆ ಹೋದಾಗ ಇತ್ತೀಚಿನ ವರ್ಷಗಳಲ್ಲಿ ಒಂದು ಮಾತು ನಮ್ಮ ಕಿವಿಗೆ ಮತ್ತೆ ಮತ್ತೆ ಬೀಳುತ್ತದೆ. ಮನೆಯ ಯಜಮಾನರಿಗೆ ಆಂಜಿಯೋಗ್ರಾಮ್ ಆಗಿದೆ, ಒಂದು ಕಡೆ ಬ್ಲಾಕ್ ಇದೆ, ಸ್ಟೆಂಟ್ ಹಾಕಬೇಕಂತೆ. ಅದರ ಹಿಂದೆಯೇ ಒಂದು ಪ್ರಶ್ನೆಯೂ ಬರುತ್ತದೆ. ಹೃದಯದ ತುಂಬ ರಕ್ತವೇ ಇರುವಾಗ ಅದೇ ಹೃದಯ ರಕ್ತವಿಲ್ಲದೆ ಸೊರಗುವುದೆಂತು? ನೀರು ತುಂಬಿದ ಬಾವಿಯ ದಂಡೆಯಲ್ಲಿ ಗಿಡ ಒಣಗಿದಂತೆ ತೋರುವ ಈ ಒಗಟಿಗೆ ಉತ್ತರ ಹುಡುಕುತ್ತ ಹೋದರೆ ನಾವು 17ನೇ ಶತಮಾನದ ಒಬ್ಬ ಮಹಾನುಭಾವರ ಬಳಿಗೆ ತಲುಪುತ್ತೇವೆ. ಅವರು ವೈದ್ಯವಿಜ್ಞಾನಿ, ಅನಂತರ ಧರ್ಮಗುರು, ಧರ್ಮಾಧ್ಯಕ್ಷ, ಇಂದು ಕ್ರೈಸ್ತಸಭೆಯ ಪುನೀತರಲ್ಲಿ ಒಬ್ಬರು.

ನೀಲ್ಸ್ ಸ್ಟೆನ್ಸನ್ 1638ರ ಜನವರಿಯಲ್ಲಿ ಡೆನ್ಮಾರ್ಕಿನ ಕೋಪನ್‌ಹೇಗನ್ ನಗರದಲ್ಲಿ ಜನಿಸಿದರು. ತಂದೆ ಅಕ್ಕಸಾಲಿಗರು. ಕುಟುಂಬ ಲೂಥರನ್ ಪಂಥದ್ದು. ದೇವಭಯವನ್ನೂ ಧರ್ಮಗ್ರಂಥದ ಮೇಲಿನ ಪ್ರೀತಿಯನ್ನೂ ಅವರು ಪಡೆದುಕೊಂಡದ್ದು ಆ ಮನೆಯಲ್ಲಿಯೇ. ಎಳೆಯ ವಯಸ್ಸಿನಲ್ಲಿಯೇ ತಂದೆಯನ್ನು ಕಳೆದುಕೊಂಡ ಬಾಲಕ 1656ರಲ್ಲಿ ಕೋಪನ್‌ಹೇಗನ್ ವಿಶ್ವವಿದ್ಯಾನಿಲಯ ಸೇರಿ ಖ್ಯಾತ ಅಂಗರಚನಾ ಶಾಸ್ತ್ರಜ್ಞ ಥಾಮಸ್ ಬಾರ್ಥೋಲಿನರ ಶಿಷ್ಯನಾದ. ಮುಂದೆ ಹಾಲೆಂಡಿಗೆ ತೆರಳಿ, 1660ರಲ್ಲಿ ಆಮ್‌ಸ್ಟರ್‌ಡ್ಯಾಮಿನಲ್ಲಿ ಕುರಿಯ ತಲೆಯೊಂದನ್ನು ಪರೀಕ್ಷಿಸುತ್ತಿದ್ದಾಗ, ಕಿವಿಯ ಮುಂದಿನ ಗ್ರಂಥಿಯಿಂದ ಬಾಯಿಗೆ ಜೊಲ್ಲು ತರುವ ನಾಳವನ್ನು ಕಂಡುಹಿಡಿದರು. ಕಂಕನಾಡಿಯಲ್ಲಿಯೋ ದೇರಳಕಟ್ಟೆಯಲ್ಲಿಯೋ ವೈದ್ಯಕೀಯ ಓದುವ ನಮ್ಮ ಮಕ್ಕಳು ಇಂದಿಗೂ ಆ ನಾಳವನ್ನು ಅವರ ಹೆಸರಿನಿಂದಲೇ ಕಲಿಯುತ್ತಾರೆ. ಆ ಹೆಸರಿನವರು ಒಬ್ಬ ಧರ್ಮಾಧ್ಯಕ್ಷರೆಂಬುದು ಮಾತ್ರ ಅನೇಕರಿಗೆ ತಿಳಿದಿಲ್ಲ.

ಆ ಕಾಲದಲ್ಲಿ ಹೃದಯದ ಕುರಿತಾದ ವಿಚಾರಗಳು ಬೇರೆಯೇ ಆಗಿದ್ದವು. 1628ರಲ್ಲಿ ವಿಲಿಯಂ ಹಾರ್ವೆ ರಕ್ತವು ದೇಹದಲ್ಲಿ ಸುತ್ತುತ್ತದೆಂದು ತೋರಿಸಿದ್ದರೂ, ಹೃದಯವೆಂದರೆ ದೇಹದ ಉಷ್ಣದ ನೆಲೆ ಎಂಬ ನಂಬಿಕೆ ಅಳಿದಿರಲಿಲ್ಲ. ಹೃದಯದ ಕಾವಿನಿಂದ ರಕ್ತ ಉಬ್ಬಿ ಹೊರಚಿಮ್ಮುತ್ತದೆಂದು ತತ್ತ್ವಜ್ಞಾನಿ ಡೆಕಾರ್ಟ್ ಬೋಧಿಸಿದ್ದರು. ಲೈಡನ್ ನಗರದಲ್ಲಿದ್ದ ಸ್ಟೆನ್ಸನ್ ವಾದಕ್ಕೆ ಇಳಿಯಲಿಲ್ಲ; ಎತ್ತಿನ ಹೃದಯವೊಂದನ್ನು ತಂದು ಬೇಯಿಸಿ, ಮೇಲಿನ ಪೊರೆಯನ್ನು ಸುಲಿದು, ಎಳೆ ಎಳೆಯಾಗಿ ಬಿಡಿಸಿ ನೋಡಿದರು. ತೊಡೆಯ ಮಾಂಸದಲ್ಲಿ ಏನಿದೆಯೋ ಅದೇ ಅಲ್ಲಿಯೂ ಇತ್ತು. ಹೃದಯವು ಒಲೆಯಲ್ಲ, ಸ್ನಾಯು. ಅದು ಸಂಕುಚಿಸಿ ರಕ್ತವನ್ನು ದೂಡುತ್ತದೆ. ಸ್ನಾಯುಗಳ ಕುರಿತ ಅವರ ಗ್ರಂಥ 1664ರಲ್ಲಿ ಪ್ರಕಟವಾಯಿತು.

ನಮ್ಮ ಒಗಟಿನ ಕೀಲಿ ಇಲ್ಲಿಯೇ ಇದೆ. ದುಡಿಯುವ ಸ್ನಾಯುವಿಗೆ ಆಹಾರ ಬೇಕು. ಹೃದಯದ ಕೋಣೆಗಳಲ್ಲಿ ಹರಿದು ಹೋಗುವ ರಕ್ತ ಒಳಗೋಡೆಯ ತೆಳುವಾದ ಪದರಕ್ಕಷ್ಟೇ ತಾಗುತ್ತದೆ. ದಪ್ಪನಾದ ಗೋಡೆಯ ಒಳಕ್ಕೆ ಇಳಿಯದು. ಆದುದರಿಂದ ಹೃದಯವು ತಾನು ಹೊರದೂಡಿದ ರಕ್ತದಲ್ಲಿಯೇ ತನ್ನ ಪಾಲನ್ನು ಪಡೆಯಬೇಕಾಗುತ್ತದೆ. ಮಹಾಧಮನಿಯ ಬುಡದಲ್ಲಿ, ಕವಾಟಕ್ಕೆ ತುಸು ಮೇಲೆ, ಎರಡು ಚಿಕ್ಕ ಧಮನಿಗಳು ಹೊರಡುತ್ತವೆ. ಎಡದ್ದು ಸ್ವಲ್ಪ ದೂರದಲ್ಲಿಯೇ ಕವಲೊಡೆಯುತ್ತದೆ: ಒಂದು ಕವಲು ಹೃದಯದ ಮುಂಭಾಗದಲ್ಲಿ ತುದಿಯ ಕಡೆಗೆ ಇಳಿದರೆ, ಇನ್ನೊಂದು ಎಡಬದಿಯನ್ನು ಬಳಸಿ ಹಿಂದಕ್ಕೆ ಸಾಗುತ್ತದೆ. ಬಲದ ಧಮನಿ ಬಲಬದಿಯನ್ನು ಬಳಸಿ ಹಿಂಭಾಗಕ್ಕೆ ಬರುತ್ತದೆ. ಹೃದಯದ ಮೇಲೆ ಇಟ್ಟ ಕಿರೀಟದಂತೆ ಕಾಣುವುದರಿಂದ ಇವುಗಳಿಗೆ ಕಿರೀಟ ಎಂಬ ಅರ್ಥದ ಕೊರೊನರಿ ಎಂಬ ಹೆಸರು. ಇವುಗಳಿಂದ ಕವಲೊಡೆದ ಸಣ್ಣ ಸಣ್ಣ ನಾಳಗಳು ಸ್ನಾಯುವಿನ ಆಳಕ್ಕೆ ಇಳಿಯುತ್ತವೆ. ವಿಶ್ರಾಂತಿಯಲ್ಲಿರುವ ದೇಹದಲ್ಲಿ ಹೃದಯ ದೂಡುವ ರಕ್ತದ ಸುಮಾರು 20ರಲ್ಲಿ ಒಂದು ಪಾಲು ಈ ದಾರಿಯಲ್ಲಿ ಹೃದಯಕ್ಕೇ ಮರಳುತ್ತದೆ. ಇನ್ನೊಂದು ವಿಶೇಷವಿದೆ. ಸ್ನಾಯು ಬಿಗಿದಾಗ ಅದರೊಳಗಿನ ನಾಳಗಳೂ ಅದುಮಿಹೋಗುತ್ತವೆ. ಆದುದರಿಂದ ಹೃದಯದ ಎಡಭಾಗವು ಹೆಚ್ಚಿನ ರಕ್ತವನ್ನು ಪಡೆಯುವುದು ಎರಡು ಬಡಿತಗಳ ನಡುವಣ ಬಿಡುವಿನಲ್ಲಿ. ಬಿಡುವಿಲ್ಲದ ದುಡಿಮೆಯ ಸಂಕೇತವೆಂದು ನಾವು ಭಾವಿಸಿದ ಅಂಗವೇ ಬಿಡುವಿನಲ್ಲಿ ಉಣ್ಣುತ್ತದೆ.

ಈ ಧಮನಿಗಳನ್ನು ಮೊದಲು ಕಂಡವರು ಸ್ಟೆನ್ಸನ್ ಅಲ್ಲ. ಪ್ರಾಚೀನ ವೈದ್ಯ ಗ್ಯಾಲೆನನೂ ಅವುಗಳನ್ನು ಬಲ್ಲವನಾಗಿದ್ದ. ಆದರೆ ಹೃದಯವು ಸ್ನಾಯುವೆಂದು ಸ್ಥಿರವಾದ ಮೇಲೆಯೇ ಅವುಗಳ ಅಗತ್ಯವು ಅರ್ಥವಾಗುವಂತಾಯಿತು. 1670ರ ದಶಕದ ಆರಂಭದಲ್ಲಿ ಅವರು ಗರ್ಭಸ್ಥ ಶಿಶುವಿನ ವಿರೂಪಗೊಂಡ ಹೃದಯವೊಂದನ್ನು ವಿವರಿಸಿದರು. ಮಕ್ಕಳ ಮೈ ನೀಲಿಗಟ್ಟಿಸುವ ಆ ದೋಷಕ್ಕೆ, ಅದನ್ನು 1888ರಲ್ಲಿ ವಿವರಿಸಿದ ಫ್ರೆಂಚ್ ವೈದ್ಯ ಫಾಲೋ ಅವರ ಹೆಸರು ನಿಂತಿತು.

ಎತ್ತಿನ ಹೃದಯವು ಸ್ಟೆನ್ಸನರ ಚಿಂತನೆಯನ್ನೂ ಅಲುಗಾಡಿಸಿತು. ಲೈಡನ್ನಿನಲ್ಲಿ ಅವರು ಸ್ಪಿನೋಜಾರ ಪರಿಚಿತರು. ಹೊಸ ತತ್ತ್ವಶಾಸ್ತ್ರದ ಅಭಿಮಾನಿಗಳು. ರೇಖಾಗಣಿತದಷ್ಟೇ ನಿಶ್ಚಿತವೆಂದು ಸಾರಿದವರು, ಚೂರಿ ಹಿಡಿದ ಯಾರೂ ಪರೀಕ್ಷಿಸಬಹುದಾದ ವಿಷಯದಲ್ಲಿಯೇ ತಪ್ಪಿದ್ದರೆ, ದೇವರು ಮತ್ತು ಆತ್ಮದ ಕುರಿತಾದ ಅವರ ಮಾತುಗಳನ್ನು ನೆಚ್ಚುವುದು ಹೇಗೆ ಎಂಬ ಸಂದೇಹ ಅವರಲ್ಲಿ ಮೂಡಿತು. ಜೆಪ್ಪುವಿನ ಸೆಮಿನರಿಯಲ್ಲಿ ಡೆಕಾರ್ಟರನ್ನು ಓದುತ್ತಿದ್ದ ದಿನಗಳಲ್ಲಿ ನಮಗೆ ಈ ಸಂಗತಿ ತಿಳಿದಿರಲಿಲ್ಲ. ವಿಜ್ಞಾನವನ್ನು ಓದಿದರೆ ಮಕ್ಕಳ ವಿಶ್ವಾಸ ಸಡಿಲವಾದೀತೆಂದು ಅಂಜುವ ತಂದೆತಾಯಂದಿರಿಗೆ ಇಂದು ನಾವು ಇದನ್ನೇ ಹೇಳುತ್ತೇವೆ: ಇಲ್ಲಿ ಒಬ್ಬ ಯುವಕನ ಅಹಂಕಾರವನ್ನು ಇಳಿಸಿ ಅವನನ್ನು ದೇವರ ಕಡೆಗೆ ತಿರುಗಿಸಿದ್ದು ವಿಜ್ಞಾನವೇ.

1666ರಲ್ಲಿ ಸ್ಟೆನ್ಸನ್ ಇಟಲಿಯ ಫ್ಲಾರೆನ್ಸಿಗೆ ಬಂದರು. ಲಿವೋರ್ನೋ ಪಟ್ಟಣದಲ್ಲಿ ಪರಮಪ್ರಸಾದದ ಮೆರವಣಿಗೆಯನ್ನು ಕಂಡಾಗ ಅವರ ಮನಸ್ಸಿನಲ್ಲಿ ದೊಡ್ಡ ಪ್ರಶ್ನೆ ಎದ್ದಿತು. ಕಾನ್ವೆಂಟೊಂದರ ಔಷಧಾಲಯವನ್ನು ನೋಡಿಕೊಳ್ಳುತ್ತಿದ್ದ ಧರ್ಮಭಗಿನಿಯೊಬ್ಬರೊಡನೆ ನಡೆದ ಮಾತುಕತೆಗಳೂ, ದೀರ್ಘ ಅಧ್ಯಯನವೂ ಸೇರಿ, 1667ರ ನವೆಂಬರ್ 2ರಂದು, ಸಕಲ ಮೃತರ ಸ್ಮರಣೆಯ ದಿನ, ಅವರನ್ನು ಕಥೋಲಿಕ ಸಭೆಗೆ ಕರೆತಂದವು. ಅಧ್ಯಯನ ನಿಲ್ಲಲಿಲ್ಲ. ಭೂಮಿಯ ಪದರಗಳ ಕುರಿತ ಅವರ ಗ್ರಂಥ 1669ರಲ್ಲಿ ಹೊರಬಂದು ಭೂವಿಜ್ಞಾನಕ್ಕೆ ಬುನಾದಿಯಾಯಿತು.

1675ರಲ್ಲಿ ಅವರು ಗುರುದೀಕ್ಷೆ ಪಡೆದರು. 1677ರಲ್ಲಿ ಧರ್ಮಾಧ್ಯಕ್ಷರಾಗಿ ಉತ್ತರ ಜರ್ಮನಿಗೆ ಹೋದರು. 1680ರಿಂದ ವೆಸ್ಟ್‌ಫಾಲಿಯಾದ ಮ್ಯೂನ್‌ಸ್ಟರಿನಲ್ಲಿ ಸಹಾಯಕ ಧರ್ಮಾಧ್ಯಕ್ಷರು. ತಮ್ಮ ಉಂಗುರ, ಶಿಲುಬೆಗಳನ್ನೂ ಬಡವರಿಗಾಗಿ ಮಾರಿದರು. ಅಲ್ಲಿ ಹೊಸ ಬಿಷಪರ ಆಯ್ಕೆಯಲ್ಲಿ ಹಣ ಕೈ ಬದಲಾದಾಗ ಅದನ್ನು ಒಪ್ಪದೆ 1683ರಲ್ಲಿ ಪದವಿಯನ್ನು ಬಿಟ್ಟು ಹೊರಟರು. ಕೊನೆಗೆ ಶ್ವೆರೀನ್ ಎಂಬಲ್ಲಿ ಸಾಮಾನ್ಯ ಗುರುವಿನಂತೆ ಸೇವೆ ಸಲ್ಲಿಸುತ್ತ, ಉಪವಾಸದಿಂದಲೂ ರೋಗದಿಂದಲೂ ಬಳಲಿ, 1686ರ ಡಿಸೆಂಬರ್ 5ರಂದು ಪ್ರಾಣಬಿಟ್ಟರು. ವಯಸ್ಸು ಬರೇ 48. ದೇಹವನ್ನು ಫ್ಲಾರೆನ್ಸಿಗೆ ಒಯ್ದು ಸಂತ ಲಾರೆನ್ಸರ ದೇವಾಲಯದಲ್ಲಿ ಇರಿಸಲಾಯಿತು. 1988ರ ಅಕ್ಟೋಬರ್ 23ರಂದು ಜಗದ್ಗುರು ದ್ವಿತೀಯ ಜಾನ್ ಪಾಲರು ಅವರನ್ನು ಪುನೀತರೆಂದು ಸಾರಿದರು.

ಅದೇ ವೆಸ್ಟ್‌ಫಾಲಿಯಾದಲ್ಲಿ 1841ರಲ್ಲಿ ಹುಟ್ಟಿದ ಇನ್ನೊಬ್ಬ ಗುರು ಮಂಗಳೂರಿಗೆ ಬಂದು, 1880ರಲ್ಲಿ ಕಂಕನಾಡಿಯಲ್ಲಿ ಬಡವರಿಗೆ ಔಷಧ ಹಂಚತೊಡಗಿದರು. ಅವರೇ ನಮ್ಮ ಫಾದರ್ ಆಗಸ್ಟಸ್ ಮುಲ್ಲರ್. ಬಲಿಪೀಠಕ್ಕೂ ರೋಗಿಯ ಹಾಸಿಗೆಗೂ ನಡುವೆ ದೂರವಿಲ್ಲವೆಂಬುದನ್ನು ಇಬ್ಬರೂ ಬಾಳಿ ತೋರಿಸಿದರು.

ನಮ್ಮ ಮನೆಗಳ ಗೋಡೆಯ ಮೇಲೆ ಯೇಸುವಿನ ಪವಿತ್ರ ಹೃದಯದ ಚಿತ್ರವಿದೆ. ಅದರ ಮುಂದೆ ದೀಪ ಹಚ್ಚುವ ನಾವು ದೇವರು ನಮಗೆ ಕೊಟ್ಟ ಹೃದಯವನ್ನೂ ಕಾಪಾಡಬೇಕಲ್ಲವೇ? ಎದೆ ಹಿಂಡಿದಂತಾಗಿ, ನೋವು ಎಡತೋಳಿಗೋ ದವಡೆಗೋ ಹಬ್ಬಿ, ಮೈ ಬೆವೆತರೆ, ವಾಯುವೆಂದು ಸೋಡಾ ಕುಡಿದು ಮಲಗುವುದು ಬೇಡ. ರಾತ್ರಿಯಾದರೂ ಕೂಡಲೇ ಆಸ್ಪತ್ರೆ ಸೇರಬೇಕು. ಧಮನಿ ಮುಚ್ಚಿದ ಮೇಲೆ ಕಳೆಯುವ ಒಂದೊಂದು ಗಳಿಗೆಗೂ ಸ್ನಾಯು ಸಾಯುತ್ತ ಹೋಗುತ್ತದೆ. ಸ್ವಂತ ಕಣ್ಣಿನಿಂದ ನೋಡಿದ್ದನ್ನು ಅಂಜದೆ ಒಪ್ಪಿಕೊಂಡ ಪುನೀತ ಸ್ಟೆನ್ಸನ್, ದೇಹ ಕೊಡುವ ಎಚ್ಚರಿಕೆಯನ್ನು ಒಪ್ಪಿಕೊಳ್ಳುವ ಧೈರ್ಯವನ್ನು ನಮ್ಮ ಕುಟುಂಬಗಳಿಗೂ ಬೇಡಿಕೊಡಲಿ.