ಮಣ್ಣಿನ ಗುಟ್ಟು ಹುಡುಕಿದ ಕೋಲ್ಮನ್

ಮಕ್ಕಳೇ, ಬಂಗಾರಪೇಟೆ ತಾಲ್ಲೂಕಿನ ಬೂದಿಕೋಟೆಯ ಹೆಸರು ಕೇಳಿದ್ದೀರಲ್ಲವೇ? ಅದು ಹೈದರಾಲಿ ಹುಟ್ಟಿದ ಊರು. ಹತ್ತಿರದ ಕೋಲಾರ ಚಿನ್ನದ ಗಣಿಯಲ್ಲಿ 2001ರವರೆಗೆ ನೆಲದಾಳದಿಂದ ಚಿನ್ನ ತೆಗೆಯುತ್ತಿದ್ದರು. ಆದರೆ ಜನರ ಹೊಟ್ಟೆ ತುಂಬಿಸುವುದು ಮೇಲಿನ ಕೆಂಪು ಮಣ್ಣು, ಅದರಲ್ಲಿ ಬೆಳೆಯುವ ರಾಗಿ. ಇಂಥ ಮಣ್ಣು ಮತ್ತು ಬೆಳೆಗಳ ಗುಟ್ಟು ಹುಡುಕಿದವರು ಡಾ. ಲೆಸ್ಲಿ ಕೋಲ್ಮನ್.

ಕೋಲ್ಮನ್ 1878ರಲ್ಲಿ ಕೆನಡಾದಲ್ಲಿ ಹುಟ್ಟಿದರು. ಟೊರಾಂಟೊದಲ್ಲಿ ಓದಿ, ಜರ್ಮನಿಗೆ ಹೋಗಿ ಮಣ್ಣಿನ ಸೂಕ್ಷ್ಮಜೀವಿಗಳನ್ನು ಅಭ್ಯಾಸ ಮಾಡಿದರು. ಗೊಬ್ಬರ ಕೊಳೆತಾಗ ಅಮೋನಿಯಾ ಉಂಟಾಗುತ್ತದೆ. ಮಣ್ಣಿನ ಕೆಲವು ಬ್ಯಾಕ್ಟೀರಿಯಾಗಳು ಅದನ್ನು ನೈಟ್ರೇಟ್ ಆಗಿ ಬದಲಾಯಿಸುತ್ತವೆ. ನೈಟ್ರೇಟನ್ನು ಬೇರುಗಳು ಸುಲಭವಾಗಿ ಹೀರಿಕೊಳ್ಳುತ್ತವೆ. ಇದೇ ಅವರ ಸಂಶೋಧನೆಯ ವಿಷಯವಾಗಿತ್ತು.

1908ರಲ್ಲಿ ಅವರು ಮೈಸೂರು ಸಂಸ್ಥಾನದ ಸೇವೆಗೆ ಬಂದರು. ಆಗ ಮಲೆನಾಡಿನ ಅಡಿಕೆ ತೋಟಗಳನ್ನು ಕೊಳೆರೋಗ ಕಾಡುತ್ತಿತ್ತು. ಮಳೆಗಾಲದಲ್ಲಿ ಎಳೆಯ ಕಾಯಿಗಳು ಕೊಳೆತು ಉದುರುತ್ತಿದ್ದವು. ರೈತರ ಇಡೀ ವರ್ಷದ ದುಡಿಮೆ ಮಣ್ಣುಪಾಲಾಗುತ್ತಿತ್ತು. ಗೊನೆಗಳಿಗೆ ಮಳೆ ತಾಗದಂತೆ ಕೊಟ್ಟೆ ಕಟ್ಟುವುದೊಂದೇ ಅವರಿಗೆ ಗೊತ್ತಿದ್ದ ಉಪಾಯ.

ಕೋಲ್ಮನ್ ಕೊಳೆತ ಕಾಯಿಗಳನ್ನು ಸೂಕ್ಷ್ಮದರ್ಶಕದಲ್ಲಿ ಪರೀಕ್ಷಿಸಿದರು. ಫೈಟಾಫ್ಥೊರಾ ಎಂಬ ಜೀವಿಯೇ ರೋಗಕ್ಕೆ ಕಾರಣವೆಂದು ತಿಳಿಯಿತು. ಅದು ಶಿಲೀಂಧ್ರವೆಂದು ಆಗಿನ ತಿಳಿವಳಿಕೆ. ಶಿಲೀಂಧ್ರದಂತೆ ಕಂಡರೂ ಅದು ಬೇರೆ ಗುಂಪಿನ ಜೀವಿ ಎಂದು ಈಗ ಗೊತ್ತಾಗಿದೆ. ಗಾಳಿಯೊಂದಿಗೆ ಸಿಡಿಯುವ ಮಳೆಹನಿಗಳು ಅದನ್ನು ಗೊನೆಯಿಂದ ಗೊನೆಗೆ ಹರಡುತ್ತವೆ. ಹಾಗಾದರೆ ಮಳೆಗೆ ಮೊದಲೇ ಗೊನೆಗಳಿಗೆ ರಕ್ಷಣೆ ಬೇಕು! ಫ್ರಾನ್ಸಿನ ದ್ರಾಕ್ಷಿ ತೋಟಗಳಲ್ಲಿ ಬಳಸುತ್ತಿದ್ದ ಬೋರ್ಡೋ ದ್ರಾವಣವನ್ನು ಅವರು ಇಲ್ಲಿ ಪ್ರಯೋಗಿಸಿದರು. ಮೈಲುತುತ್ತ ಮತ್ತು ಸುಣ್ಣವನ್ನು ನೀರಿನಲ್ಲಿ ಬೆರೆಸಿ ಮಾಡುವ ನೀಲಿ ದ್ರಾವಣವಿದು. 1910ರಲ್ಲಿ ಅವರ ವರದಿ ಪ್ರಕಟವಾಯಿತು. ಅಡಿಕೆ ಬೆಳೆಗಾರರು ಇಂದಿಗೂ ಈ ದ್ರಾವಣ ಸಿಂಪಡಿಸುತ್ತಾರೆ.

1913ರಲ್ಲಿ ಕೋಲ್ಮನ್ ಕೃಷಿ ಇಲಾಖೆಯ ನಿರ್ದೇಶಕರಾದರು. ಅದೇ ವರ್ಷ ಬೆಂಗಳೂರಿನ ಹೆಬ್ಬಾಳದಲ್ಲಿ ಕೃಷಿ ಶಾಲೆ ಆರಂಭವಾಯಿತು. ಅಲ್ಲಿನ ಪ್ರಯೋಗ ಕ್ಷೇತ್ರದಲ್ಲಿ ಒಳ್ಳೆಯ ತೆನೆಗಳನ್ನು ಆರಿಸಿ, ಹೆಚ್ಚು ಇಳುವರಿ ಕೊಡುವ ರಾಗಿ ತಳಿಗಳನ್ನು ಬೆಳೆಸಿದರು. ಮಳೆಯನ್ನೇ ನಂಬಿದ ಬಯಲುಸೀಮೆಯ ರೈತರಿಗೆ ಇದು ದೊಡ್ಡ ವಿಷಯ. 1925ರಲ್ಲಿ ಬಾಳೆಹೊನ್ನೂರಿನಲ್ಲಿ ಕಾಫಿ ಸಂಶೋಧನಾ ಕೇಂದ್ರ, 1931ರಲ್ಲಿ ಮಂಡ್ಯದಲ್ಲಿ ಕೃಷಿ ಕ್ಷೇತ್ರ ಆರಂಭವಾದವು. ಮಂಡ್ಯದ ಸಕ್ಕರೆ ಕಾರ್ಖಾನೆಗಾಗಿಯೂ ಅವರು ಶ್ರಮಿಸಿದರು.

1934ರಲ್ಲಿ ನಿವೃತ್ತರಾದ ಕೋಲ್ಮನ್ 1954ರಲ್ಲಿ ತೀರಿಕೊಂಡರು. ಅವರು ಬೆಳೆಸಿದ ಹೆಬ್ಬಾಳದ ನೆಲದಲ್ಲಿಯೇ 1964ರಲ್ಲಿ ಕೃಷಿ ವಿಶ್ವವಿದ್ಯಾನಿಲಯ ಆರಂಭವಾಯಿತು.

ಮಾಡಿ ನೋಡಿ: ಹೊಲದ ಒಂದು ಹಿಡಿ ಮಣ್ಣನ್ನು ಗಾಜಿನ ಲೋಟದ ನೀರಿಗೆ ಹಾಕಿ ಚೆನ್ನಾಗಿ ಕಲಕಿ. ಅಲುಗಾಡಿಸದೆ ಮರುದಿನದವರೆಗೆ ಬಿಡಿ. ತಳದಲ್ಲಿ ಮರಳು, ಅದರ ಮೇಲೆ ನುಣುಪು ಮಣ್ಣು ಕೂತಿರುತ್ತದೆ. ನೀರಿನಲ್ಲಿ ತೇಲುವುದೇನು? ಎಲೆ, ಬೇರುಗಳ ಚೂರು. ಮಣ್ಣಿನ ಸೂಕ್ಷ್ಮಜೀವಿಗಳಿಗೆ ಅದೇ ಊಟ!