ಹಾವಿನ ಹೆಸರಿನಲ್ಲಿ ಉಳಿದ ವೈದ್ಯ: ಪ್ಯಾಟ್ರಿಕ್ ರಸೆಲ್

ಕೊಳಕು ಮಂಡಲವನ್ನು ನಮ್ಮ ಹಿರಿಯರಿಗೆ ಯಾರೂ ಪರಿಚಯಿಸಬೇಕಿಲ್ಲ. ದಪ್ಪ ಮೈ, ತ್ರಿಕೋನದಂಥ ತಲೆ, ಬೆನ್ನಿನ ಮೇಲೆ ಸರಪಳಿಯಂತೆ ಮೂರು ಸಾಲು ಕಂದು ಮಚ್ಚೆ. ಕೆಣಕಿದರೆ ಕುಕ್ಕರ್‌ನಿಂದ ಹಬೆ ನುಗ್ಗಿದಂತೆ ಬುಸುಗುಡುತ್ತದೆ. ಇಂಗ್ಲಿಷಿನಲ್ಲಿ ಇದಕ್ಕೆ ರಸೆಲ್ಸ್ ವೈಪರ್ ಎಂದು ಹೆಸರು. ಆ ರಸೆಲ್ ಯಾರು? ಹಾವಿನ ವಿಷ ಔಷಧವಾದ ಕಥೆಯನ್ನು ತಿಳಿಯಬೇಕಾದರೆ ಅವರ ಬದುಕಿನಿಂದಲೇ ಶುರು ಮಾಡಬಹುದು.

ಪ್ಯಾಟ್ರಿಕ್ ರಸೆಲ್ ಹುಟ್ಟಿದ್ದು 1727ರಲ್ಲಿ, ಸ್ಕಾಟ್ಲೆಂಡಿನ ಎಡಿನ್‌ಬರೋ ನಗರದಲ್ಲಿ. ಅಲ್ಲಿ ವೈದ್ಯಶಾಸ್ತ್ರ ಕಲಿತು, 1750ರಲ್ಲಿ ಸಿರಿಯಾ ದೇಶದ ಅಲೆಪ್ಪೊ ನಗರಕ್ಕೆ ಹೋದರು. ಅವರ ಮಲ ಅಣ್ಣ ಅಲೆಕ್ಸಾಂಡರ್ ಅಲ್ಲಿ ಇಂಗ್ಲಿಷ್ ವರ್ತಕರ ವೈದ್ಯರಾಗಿದ್ದರು. ಅಣ್ಣ ಊರಿಗೆ ಮರಳಿದ ಮೇಲೆ ಆ ಕೆಲಸ ತಮ್ಮನಿಗೆ ಬಂತು. 1760ರಿಂದ 1762ರವರೆಗೆ ಅಲೆಪ್ಪೊದಲ್ಲಿ ಪ್ಲೇಗ್ ಹರಡಿದಾಗ ರಸೆಲ್ ಊರು ಬಿಡಲಿಲ್ಲ. ರೋಗಿಗಳನ್ನು ನೋಡಿದರು, ಕಂಡದ್ದನ್ನೆಲ್ಲ ಬರೆದಿಟ್ಟರು. ಮುಂದೆ 1791ರಲ್ಲಿ ಅದು ಪ್ಲೇಗ್ ಕುರಿತ ದೊಡ್ಡ ಗ್ರಂಥವಾಗಿ ಹೊರಬಂತು. ನೋಡುವುದು, ಬರೆದಿಡುವುದು, ಪರೀಕ್ಷಿಸದೆ ಒಪ್ಪದಿರುವುದು: ಈ ಮೂರು ಅಭ್ಯಾಸ ಅವರನ್ನು ಕೊನೆಯವರೆಗೂ ಬಿಡಲಿಲ್ಲ.

1781ರಲ್ಲಿ, ಐವತ್ತು ದಾಟಿದ ವಯಸ್ಸಿನಲ್ಲಿ, ಅವರು ಭಾರತಕ್ಕೆ ಹೊರಟರು. ಸೋದರ ಕ್ಲಾಡ್ ಈಸ್ಟ್ ಇಂಡಿಯಾ ಕಂಪನಿಯ ಅಧಿಕಾರಿಯಾಗಿ ವಿಶಾಖಪಟ್ಟಣಕ್ಕೆ ಬರುತ್ತಿದ್ದುದರಿಂದ ಅವರ ಜೊತೆಗೆ ಬಂದದ್ದು. 1785ರಲ್ಲಿ ಕಂಪನಿಯ ಪ್ರಕೃತಿ ವಿಜ್ಞಾನಿ ಕೋನಿಗ್ ತೀರಿಕೊಂಡಾಗ ಆ ಹುದ್ದೆಗೆ ರಸೆಲ್ ನೇಮಕವಾದರು. ಗಿಡಮರ, ಮೀನುಗಳ ಜೊತೆಗೆ ಅವರ ಗಮನ ಸೆಳೆದದ್ದು ಹಾವು. ಕಚ್ಚಿಸಿಕೊಂಡು ಸಾಯುವವರು ಒಂದು ಕಡೆ; ವಿಷವಿಲ್ಲದ ಹಾವು ಕಚ್ಚಿದರೂ ಹೆದರಿ ಕಂಗೆಡುವವರು ಇನ್ನೊಂದು ಕಡೆ. ಯಾವುದು ವಿಷದ ಹಾವು ಎಂದು ಜನಸಾಮಾನ್ಯರೂ ಗುರುತಿಸುವಂತಾಗಬೇಕು ಎಂಬುದು ಅವರ ಗುರಿಯಾಯಿತು.

ಅದಕ್ಕಾಗಿ ಹಾವುಗಳನ್ನು ತರಿಸಿದರು, ಹಲ್ಲು, ಹುರುಪೆಗಳನ್ನು ಪರೀಕ್ಷಿಸಿದರು, ಚಿತ್ರ ಬರೆಸಿದರು. ಸ್ಥಳೀಯರು ಹೇಳುವ ಹೆಸರನ್ನೇ ದಾಖಲಿಸಿದರು. ಕೊಳಕು ಮಂಡಲಕ್ಕೆ ಅವರ ಪುಸ್ತಕದಲ್ಲಿರುವುದು ಕಟುಕ ರೇಕುಲ ಪೊಡ ಎಂಬ ತೆಲುಗು ಹೆಸರು. ನಾಯಿ, ಕೋಳಿಗಳಿಗೆ ಹಾವು ಕಚ್ಚಿಸಿ ವಿಷದ ಪರಿಣಾಮವನ್ನೂ ಬರೆದಿಟ್ಟರು.

ಆಗ ಹಾವಿನ ಕಡಿತಕ್ಕೆ ತಂಜಾವೂರು ಮಾತ್ರೆ ಬಹಳ ಹೆಸರುವಾಸಿ. ಅದರಲ್ಲಿ ಪಾಷಾಣವೂ ಸೇರಿತ್ತು. ರಸೆಲ್ ಅದನ್ನೂ ಪರೀಕ್ಷೆಗೆ ಒಡ್ಡಿದರು. ನಂಬುವಂಥ ಫಲ ಸಿಗಲಿಲ್ಲ. ಹಾಗಾದರೆ ಮಾತ್ರೆ ನುಂಗಿ ಬದುಕಿದವರು ಹೇಗೆ ಬದುಕಿದರು? ಕಚ್ಚಿದ್ದು ವಿಷವಿಲ್ಲದ ಹಾವಾಗಿದ್ದರೆ, ಅಥವಾ ವಿಷದ ಹಾವೇ ಕಚ್ಚಿದರೂ ವಿಷ ಇಳಿಸದಿದ್ದರೆ, ಏನು ಕೊಟ್ಟರೂ ರೋಗಿ ಬದುಕುತ್ತಾನೆ. ಕೀರ್ತಿ ಮಾತ್ರ ಮಾತ್ರೆಗೆ, ಮಂತ್ರಕ್ಕೆ ಹೋಗುತ್ತದೆ. ಸಾಫ್ಟ್‌ವೇರ್ ಕೆಲಸದಲ್ಲಿ ನಾವು ದಿನವೂ ಇದೇ ಪಾಠ ಕಲಿಯುತ್ತೇವೆ: ತೊಂದರೆ ಹೋಯಿತೆಂದ ಮಾತ್ರಕ್ಕೆ ನಾವು ಮಾಡಿದ ಬದಲಾವಣೆಯಿಂದಲೇ ಹೋಯಿತು ಎನ್ನಲಾಗದು.

1789ರಲ್ಲಿ ರಸೆಲ್ ಸ್ವದೇಶಕ್ಕೆ ಮರಳಿದರು. 1796ರಲ್ಲಿ ಕೋರಮಂಡಲ ತೀರದ ಹಾವುಗಳ ಬಗ್ಗೆ ಅವರ ಸಚಿತ್ರ ಗ್ರಂಥ ಪ್ರಕಟವಾಯಿತು. ಮರುವರ್ಷ ಜಾರ್ಜ್ ಶಾ ಎಂಬ ವಿಜ್ಞಾನಿ ಕೊಳಕು ಮಂಡಲಕ್ಕೆ ವೈಜ್ಞಾನಿಕ ಹೆಸರಿಡುವಾಗ ರಸೆಲ್ ಹೆಸರನ್ನೇ ಸೇರಿಸಿದರು. ಮದುವೆಯಾಗದೆ ಕೆಲಸದಲ್ಲೇ ಬದುಕು ಸವೆಸಿದ ರಸೆಲ್ 1805ರ ಜುಲೈ 2ರಂದು ಲಂಡನ್ನಿನಲ್ಲಿ ನಿಧನರಾದರು. ಹಾವಿನ ಕಡಿತಕ್ಕೆ ಮದ್ದು ಅವರ ಕಾಲದಲ್ಲಿ ಸಿಗಲೇ ಇಲ್ಲ.

ಅದು ಸಿಕ್ಕಿದ್ದು 1890ರ ದಶಕದಲ್ಲಿ. ಫ್ರಾನ್ಸಿನ ಆಲ್ಬರ್ಟ್ ಕಾಲ್ಮೆಟ್ ಪ್ರಾಣಿಗಳಿಗೆ ನಾಗರಹಾವಿನ ವಿಷವನ್ನು ಸ್ವಲ್ಪ ಸ್ವಲ್ಪವೇ ಕೊಟ್ಟು, ಅವುಗಳ ರಕ್ತದಿಂದ ಪ್ರತಿವಿಷ ತಯಾರಿಸಿದರು. ಆದರೆ ನಾಗರಹಾವಿನ ಪ್ರತಿವಿಷ ಕೊಳಕು ಮಂಡಲದ ವಿಷವನ್ನು ತಡೆಯದು ಎಂಬುದು ಮುಂದೆ ಗೊತ್ತಾಯಿತು. ಹಾವು ಯಾವುದು ಎಂಬ ರಸೆಲ್ ಅವರ ಪ್ರಶ್ನೆಗೆ ಆಗ ಪೂರ್ತಿ ಬೆಲೆ ಬಂತು. ಇಂದು ನಮ್ಮ ದೇಶದಲ್ಲಿ ನಾಗರಹಾವು, ಕಟ್ಟುಹಾವು, ಕೊಳಕು ಮಂಡಲ, ಗರಗಸ ಮಂಡಲ ಈ ನಾಲ್ಕರ ವಿಷವನ್ನು ಕುದುರೆಗಳಿಗೆ ಕೊಟ್ಟು ಪ್ರತಿವಿಷ ತಯಾರಿಸುತ್ತಾರೆ. ಒಂದೇ ಜಾತಿಯ ಹಾವಿನ ವಿಷವೂ ಊರಿಂದ ಊರಿಗೆ ಬೇರೆಯಾಗುತ್ತದೆ ಎಂಬುದರ ಅಧ್ಯಯನ ನಮ್ಮ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲೇ ನಡೆಯುತ್ತಿದೆ.

ಕೊಳಕು ಮಂಡಲದ ವಿಷ ರಕ್ತ ಹೆಪ್ಪುಗಟ್ಟಿಸುವ ಅಂಶಗಳನ್ನು ಕೆರಳಿಸುತ್ತದೆ. ಕಚ್ಚಿದಾಗ ಆ ಅಂಶಗಳೆಲ್ಲ ಖರ್ಚಾಗಿ, ಕೊನೆಗೆ ರಕ್ತ ಹೆಪ್ಪುಗಟ್ಟದೆ ಸೋರತೊಡಗುತ್ತದೆ. ಆಸ್ಪತ್ರೆಯಲ್ಲಿ ಗಾಜಿನ ಕೊಳವೆಗೆ ರಕ್ತ ಹಾಕಿ 20 ನಿಮಿಷ ಅಲುಗಿಸದೆ ಇಟ್ಟು ನೋಡುವುದು ಇದಕ್ಕಾಗಿಯೇ. ಇದೇ ಗುಣವನ್ನು 1934ರಲ್ಲಿ ಲಂಡನ್ನಿನ ಮ್ಯಾಕ್‌ಫಾರ್ಲೇನ್ ಮತ್ತು ಬಾರ್ನೆಟ್ ಉಪಕಾರಕ್ಕೆ ತಿರುಗಿಸಿದರು. ಹತ್ತು ಸಾವಿರ ಪಾಲಿಗೆ ಒಂದು ಪಾಲು ವಿಷ ಬೆರೆಸಿದ ದ್ರಾವಣವನ್ನು ಗಾಯಕ್ಕೆ ಹಚ್ಚಿ, ಹಿಮೋಫಿಲಿಯಾ ರೋಗಿಗಳ ರಕ್ತಸ್ರಾವವನ್ನು ನಿಲ್ಲಿಸಿದರು. ಪದೇ ಪದೇ ಗರ್ಭಪಾತವಾಗುವ ಕೆಲವು ಹೆಣ್ಣುಮಕ್ಕಳಿಗೆ ವೈದ್ಯರು ಬರೆದುಕೊಡುವ ಒಂದು ರಕ್ತಪರೀಕ್ಷೆಯಲ್ಲಿ ಇಂದಿಗೂ ಈ ವಿಷವನ್ನೇ ಬಳಸುತ್ತಾರೆ. ಬ್ರೆಜಿಲಿನ ಇನ್ನೊಂದು ಮಂಡಲದ ವಿಷದ ಅಧ್ಯಯನದಿಂದ ರಕ್ತದೊತ್ತಡದ ಮಾತ್ರೆ ಕ್ಯಾಪ್ಟೊಪ್ರಿಲ್ ಬಂತು.

ಕರ್ನಾಟಕ ಸರ್ಕಾರ 2024ರ ಫೆಬ್ರವರಿಯಲ್ಲಿ ಹಾವು ಕಡಿತದ ಪ್ರಕರಣಗಳನ್ನು ಆಸ್ಪತ್ರೆಗಳು ಕಡ್ಡಾಯವಾಗಿ ವರದಿ ಮಾಡಬೇಕೆಂದು ಆದೇಶಿಸಿತು. ರಸೆಲ್ ಶುರು ಮಾಡಿದ ಲೆಕ್ಕ ಈಗ ನಮ್ಮ ರಾಜ್ಯದಲ್ಲಿ ಕಾನೂನೇ ಆಗಿದೆ. ಆದ್ದರಿಂದ ಬಂಧುಗಳೇ, ಯಾರಿಗಾದರೂ ಹಾವು ಕಚ್ಚಿದರೆ ಬಿಗಿಯಾಗಿ ಕಟ್ಟಬೇಡಿ, ಕೊಯ್ಯಬೇಡಿ, ಬಾಯಿಂದ ಹೀರಬೇಡಿ, ಹಾವು ಹಿಡಿಯಲು ಹೋಗಬೇಡಿ. ಕಚ್ಚಿದ ಕೈಯನ್ನೋ ಕಾಲನ್ನೋ ಅಲುಗಿಸದಂತೆ ಇಟ್ಟು, ಧೈರ್ಯ ಹೇಳಿ, ತಡಮಾಡದೆ ಆಸ್ಪತ್ರೆಗೆ ಕರೆದೊಯ್ಯಿರಿ. ರಸೆಲ್ ಹುಡುಕಿ ಕಾಣದೆ ಹೋದ ಮದ್ದು ಇಂದು ನಮ್ಮ ಸರ್ಕಾರಿ ಆಸ್ಪತ್ರೆಯಲ್ಲಿದೆ. ಅದು ಕೆಲಸ ಮಾಡಬೇಕಾದರೆ ನಾವು ಹೊತ್ತಿಗೆ ಸರಿಯಾಗಿ ಅಲ್ಲಿಗೆ ತಲುಪಬೇಕು, ಅಷ್ಟೆ.